ಬಾಯಿ ತೆರೆಯಲು ಅನುಮತಿ

ಆ ಮನೆಯಲ್ಲಿ ಹಲ್ಲಿಗೆ ಬರವಿರಲಿಲ್ಲ, ನಗುವಿಗಷ್ಟೇ ಬರ. ಮುಂದಿನ ಕೋಣೆಯ ಉದ್ದನೆ ಮೇಜಿನ ಮೇಲೆ, ಕಿಟಕಿಯ ಕಟ್ಟೆಯ ಮೇಲೆ, ಕೆಲವು ಸಲ ಊಟದ ತಟ್ಟೆಯ ಪಕ್ಕದಲ್ಲೂ ಯಾರ್ಯಾರದೋ ಮೇಲ್ದವಡೆ ಕೆಳದವಡೆಗಳು ತಂತಮ್ಮ ಬಾಯಿಗಾಗಿ ಕಾಯುತ್ತ ಕೂತಿರುತ್ತಿದ್ದವು. ಮನೆಯ ದೊಡ್ಡ ಮಗ ದಂತವೈದ್ಯರಿಗೆ ಕಟ್ಟುಹಲ್ಲು ಮಾಡಿಕೊಡುವವನು. ಚಿಕ್ಕವನಿಗೆ ಕೆಲಸವಿಲ್ಲ, ಆದರೆ ಬೀದಿಯವರೆಲ್ಲರ ದನಿಗಳೂ ಅವನ ಗಂಟಲಲ್ಲಿ ಬಾಡಿಗೆಗಿದ್ದವು. ಅದಕ್ಕೇ ಅವನಿಗೆ ರೇಡಿಯೋ ಎಂದು ಹೆಸರು. ಇಬ್ಬರ ತಾಯಿಯೇ ಮನೆಯ ಯಜಮಾನಿ. ನಾಲ್ಕನೆಯವಳು ಸೊಸೆ, ದೊಡ್ಡ ಮಗನ ಹೆಂಡತಿ.

ಸೊಸೆ ರಸ್ತೆಯ ತಿರುವಿನ ಮೆಡಿಕಲ್ ಸ್ಟೋರಿನಲ್ಲಿ ಕೆಲಸಕ್ಕಿದ್ದಳು. ಡಾಕ್ಟರುಗಳ ಚೀಟಿ ಓದುವುದರಲ್ಲಿ ಅವಳಿಗೆ ಸರಿಸಾಟಿಯಿರಲಿಲ್ಲ. ಶಾಯಿಯಲ್ಲಿ ಬಿದ್ದ ಇರುವೆ ಗಾಬರಿಯಿಂದ ಓಡಿಹೋದಂಥ ಬರಹವನ್ನು ಅಂಗಡಿಯ ಯಜಮಾನರು ಹಾಗೆ ಹೀಗೆ ತಿರುಗಿಸಿ, ಕನ್ನಡಕ ಒರೆಸಿ, ಕೊನೆಗೆ "ತಗೋಮ್ಮ, ನಿನ್ನ ಕಡೆಯವರು ಬರೆದಿದ್ದಾರೆ" ಎಂದು ಅವಳಿಗೆ ದಾಟಿಸುತ್ತಿದ್ದರು. ಆ ಗಳಿಗೆಗಾಗಿಯೇ ಅವಳು ಬೆಳಿಗ್ಗೆ ಏಳುತ್ತಿದ್ದಳು ಎಂದರೂ ತಪ್ಪಿಲ್ಲ. ಮನೆಯಲ್ಲಿ ಅವಳಿಗೆ ಯಾರೂ ಏನನ್ನೂ ದಾಟಿಸುತ್ತಿರಲಿಲ್ಲ, ತೊಳೆಯುವ ಪಾತ್ರೆ ಬಿಟ್ಟರೆ.

ಕೋರ್ಟಿನ ಸಮನ್ಸು ಬಂದದ್ದು ಅವಳ ಹೆಸರಿಗೆ. ಎಲ್ಲರೂ ಊಟಕ್ಕೆ ಕೂತಿದ್ದರು.

"ಓದು" ಎಂದಳು ಅತ್ತೆ.

ಓದಿದಳು. ಪಿಂಗಾಣಿ ಹಲ್ಲು ಬೇಯಿಸುವ ಓವನ್ನಿಗೆಂದು ಗಂಡ ಮಾಡಿದ ಸಾಲ ಅದು. ಸಾಲ ಕೊಡುವವರ ಬಾಯಲ್ಲಿ ಅವನ ಹೆಸರು ಆಗಲೇ ಕಹಿಯಾಗಿದ್ದರಿಂದ ಕಾಗದ ಹೆಂಡತಿಯ ಹೆಸರಲ್ಲಾಯಿತು, ಚೆಕ್ಕೂ ಅವಳ ಖಾತೆಯದೇ. ಅದಕ್ಕೂ ಮೊದಲೇ, ಹಳೆಯ ಸಾಲ ಕೊಟ್ಟವರ ಕಣ್ಣು ತಪ್ಪಿಸಲು ಮನೆಯನ್ನೂ ಅವಳ ಹೆಸರಿಗೆ ಬರೆದಿಟ್ಟಿದ್ದರು. ಓವನ್ನು ಎರಡು ತಿಂಗಳು ಹಲ್ಲು ಬೇಯಿಸಿ, ಮೂರನೆಯ ತಿಂಗಳು ತಾನೇ ಬೆಂದುಹೋಯಿತು. ಸಾಲ ಕೊಟ್ಟವನನ್ನು ಬೀದಿಯವರು ಕಂತಪ್ಪ ಎನ್ನುತ್ತಿದ್ದರು. ಕಂತು ಕಟ್ಟುವವರೆಗೆ ಅಪ್ಪ, ತಪ್ಪಿದ ಮರುದಿನ ಯಮ.

"ಸಹಿ ಮಾಡುವಾಗ ಸಿಹಿ ಹಂಚಿದ್ದ" ಎಂದ ರೇಡಿಯೋ, ಕಂತಪ್ಪನ ಮೂಗುದನಿಯಲ್ಲೇ. "ಸಹಿಗೊಂದು ಸಿಹಿ ತಗೋಮ್ಮಾ, ಸಹಿಗೊಂದು ಸಿಹಿ!"

"ಬಾಯಿ ಮುಚ್ಚೋ" ಎಂದ ಅಣ್ಣ. "ಮನೆ ಹೋಗುತ್ತಾ?"

ಕೇಳಿದ್ದು ಹೆಂಡತಿಯನ್ನು. ಅವಳು ಎರಡನೆಯ ಪುಟ ತಿರುವಿದಳು. "ಹತ್ತು ದಿನದಲ್ಲಿ ಹಾಜರಾಗಬೇಕಂತೆ. ಸಮ್ಮರಿ ಸೂಟು ಅಂತಿದೆ. ಅನುಮತಿ ಸಿಗದಿದ್ದರೆ ನಾವು ಉತ್ತರ ಹೇಳೋ ಹಾಗೇ ಇಲ್ಲವಂತೆ."

"ನೀನು ಯಾವತ್ತು ಅನುಮತಿ ಕೇಳಿ ಉತ್ತರ ಹೇಳಿದ್ದೀಯ?" ಎಂದಳು ಅತ್ತೆ. "ಸಾರು ಬಡಿಸು."

ಆ ಮನೆಯಲ್ಲಿ ಅವಳು ಗಟ್ಟಿಯಾಗಿ ಓದಿದ್ದು ಅದೇ ಕೊನೆ.

ವಕೀಲರ ಕೋಣೆಯಲ್ಲಿ ಫ್ಯಾನು ಇವರಿಗೆ ಬೆನ್ನು ತಿರುಗಿಸಿಕೊಂಡು ವಕೀಲರಿಗೊಬ್ಬರಿಗೇ ಗಾಳಿ ಬೀಸುತ್ತಿತ್ತು. ಅವರು ಒಂದೊಂದು ಮಾತಿಗೂ ಪೆನ್ನಿನ ಮುಚ್ಚಳ ತೆಗೆದು ಹಾಕುತ್ತಿದ್ದರು.

"ಮಾಮೂಲಿ ದಾವೆಯಲ್ಲಿ ಅವರು ಒಂದು ಹೇಳಿದ್ರೆ ನಾವು ಒಂದು ಹೇಳಬಹುದು. ಇದು ಹಾಗಲ್ಲ. ಕಾಗದ ಇದೆ, ಸಹಿ ಇದೆ, ವಾಪಸ್ಸಾದ ಚೆಕ್ ಇದೆ. ಇಲ್ಲಿ ಬಾಯಿ ತೆರೆಯೋಕೇ ಅನುಮತಿ ಬೇಕು. ನಮ್ಮ ಹತ್ರ ಹೇಳೋ ಅಂಥ ಮಾತು ಏನೋ ಇದೆ ಅಂತ ಮೊದಲು ಪ್ರಮಾಣಪತ್ರದಲ್ಲಿ ತೋರಿಸಬೇಕು. ಜಡ್ಜಿಗೆ ಹೌದು ಅನ್ನಿಸಿದರೆ ಅನುಮತಿ. ಅನುಮಾನ ಬಂದರೆ, ದುಡ್ಡು ಕಟ್ಟಿ ಆಮೇಲೆ ಮಾತಾಡಿ ಅಂತಾರೆ. ಏನೂ ಇಲ್ಲ ಅನ್ನಿಸಿದರೆ ಅವತ್ತೇ ಡಿಕ್ರಿ. ಮನೆಗೆ ಬೀಗ."

"ಅನುಮತಿ ಸಿಕ್ಕರೆ?" ಗಂಡ ಕೇಳಿದ.

"ಸಿಕ್ಕರೆ ವಿಚಾರಣೆ. ವಿಚಾರಣೆ ಅಂದ್ರೆ ವರ್ಷಗಳು. ಅಷ್ಟರಲ್ಲಿ ಅವನಿಗೂ ಸುಸ್ತಾಗುತ್ತೆ, ಕಡಿಮೆಗೆ ಒಪ್ಕೋತಾನೆ. ಈಗ ಹೇಳಿ, ನಮ್ಮ ಹತ್ರ ಏನಿದೆ?"

ಯಾರ ಹತ್ತಿರವೂ ಏನೂ ಇರಲಿಲ್ಲ. ವಕೀಲರು ಎಲ್ಲರ ಮುಖವನ್ನೂ ನೋಡಿ, ಕೊನೆಗೆ ಸೊಸೆಯ ಮುಖದ ಮೇಲೆ ಕಣ್ಣು ನಿಲ್ಲಿಸಿದರು. ಪೆನ್ನಿನ ಮುಚ್ಚಳ ತೆಗೆದರು.

"ಇವರಿಗೆ ಓದೋಕೆ ಬರುತ್ತಾ?"

"ಬರ್..." ಎಂದು ಅವಳು ಬಾಯಿ ತೆರೆದಳು.

"ಬರಲ್ಲ" ಎಂದಳು ಅತ್ತೆ.

ವಕೀಲರು ನಕ್ಕು ಬರೆದುಕೊಂಡರು. "ಗಂಡ ತೋರಿಸಿದ ಕಡೆ ಹೆಸರನ್ನ ಚಿತ್ರದ ಹಾಗೆ ಬಿಡಿಸೋ ಹೆಂಗಸು. ಏನು ಬರೆದಿತ್ತೋ ಅರಿಯಳು. ಯಾರೂ ಓದಿ ಹೇಳಲಿಲ್ಲ. ಚೆನ್ನಾಗಿದೆ."

"ಓದಿ ಹೇಳಿದ್ರೂ ಅರ್ಥ ಆಗಲ್ಲ ಅಂತ ಹಾಕಿ" ಎಂದಳು ಅತ್ತೆ. "ನಾನೇ ಸಾಕ್ಷಿ ಹೇಳ್ತೀನಿ. ಮೊದಲಿಂದಲೂ ಮಂದ. ಒಗ್ಗರಣೆಗೆ ಎಣ್ಣೆ ಕಾಯೋದು ಗೊತ್ತಾಗಲ್ಲ ಇವಳಿಗೆ."

"ಅಷ್ಟೆಲ್ಲ ಬೇಡಮ್ಮ..."

"ಹಾಕಿ ಸ್ವಾಮಿ. ಸುಳ್ಳೇನಲ್ಲ."

ಹಾಕಿದರು. ಸೊಸೆ ಗಂಡನ ತೋಳು ಮುಟ್ಟಿದಳು. "ಮೆಡಿಕಲ್ ಸ್ಟೋರಿನ ಕೆಲಸ?"

"ಹಾಜರಿ ವಕೀಲರು ಹಾಕ್ತಾರೆ. ಜಡ್ಜಿ ಮುಂದೆ ನಿಲ್ಲೋವರೆಗೆ ನಾಲ್ಕು ವಾರದ ನಾಟಕ ಕಣೆ. ಮನೆ ಉಳಿದರೆ ಆಮೇಲೆ ನೀನು ಅಲ್ಲೇ ಬೇಕಾದ್ರೆ ಮಲಕ್ಕೋ."

"ಆಮೇಲೆ ಹೋಗಬಹುದಲ್ಲ? ಮಾತು ಕೊಡಿ."

"ಹೂಂ ಹೂಂ" ಎಂದ ಗಂಡ. ಅವನ ಹೂಂ ಯಾವಾಗಲೂ ಜೋಡಿಯಾಗಿಯೇ ಬರುತ್ತಿತ್ತು. ಒಂದು ಕೊಡಲು, ಇನ್ನೊಂದು ವಾಪಸ್ಸು ತೆಗೆದುಕೊಳ್ಳಲು.

ಮರುದಿನವೇ ಅವನು ಮೆಡಿಕಲ್ ಸ್ಟೋರಿಗೆ ಹೋಗಿ, ಅವಳಿಗೆ ತಲೆ ಸರಿಯಿಲ್ಲ, ಇನ್ನು ಬರುವುದಿಲ್ಲ, ಯಾರಾದರೂ ಕೇಳಿದರೆ ಕಪಾಟಿನ ಧೂಳು ಒರೆಸುತ್ತಿದ್ದಳು ಅಂತಷ್ಟೇ ಹೇಳಿ ಎಂದು ಬಂದ. ಅತ್ತೆ ಅಕ್ಕಪಕ್ಕದ ಮನೆಗಳಿಗೆ ಹೋಗಿ ಸೊಸೆಯ ದಡ್ಡತನಕ್ಕೆ ಇನ್ನೆರಡು ಸಾಕ್ಷಿ ಕೇಳಿದಳು. ಎರಡು ಕೇಳಿದರೆ ಐದು ಸಿಕ್ಕವು. ಮನೆಮನೆಗೆ ಹೋಗಿ ಮಾತ್ರೆ ಹೊತ್ತೊತ್ತಿಗೆ ಹೇಗೆ ನುಂಗಬೇಕೆಂದು ಯಾರಿಗೆ ಹೇಳಿಕೊಟ್ಟಿದ್ದಳೋ ಅವರೇ "ಅಯ್ಯೋ, ನಮಗೂ ಅನುಮಾನ ಇತ್ತು ಬಿಡಿ" ಎಂದರು.

ತಾಲೀಮು ಶುರುವಾಯಿತು. ಗುರು ರೇಡಿಯೋ.

"ಅತ್ತಿಗೆ, ದಡ್ಡಿ ಆಗೋದು ಸುಲಭ ಅಲ್ಲ. ಅಮ್ಮನಿಗಾದ್ರೆ ಹುಟ್ಟಿನಿಂದ ಬಂದಿದೆ."

"ಥೂ, ನಿನ್ನ!" ಎಂದು ಅತ್ತೆ ಸೌಟು ಎತ್ತಿದಳು.

"ಓದು ಬಂದವರ ಕಣ್ಣು ಕಾಗದ ಕಂಡ ಕೂಡಲೇ ಎಡದಿಂದ ಬಲಕ್ಕೆ ಓಡುತ್ತೆ. ಅದನ್ನ ಕಟ್ಟಿಹಾಕಬೇಕು. ಗೋಡೆ ನೋಡಿದ ಹಾಗೆ ನೋಡು. ಬಾಯಿ ಒಂಚೂರು ತೆರೆದಿರಲಿ. ಅಷ್ಟಲ್ಲ, ಅಣ್ಣ ಹಲ್ಲು ಅಳತೆ ತಗೋತಾನೆ ಆಮೇಲೆ. ಹಾಂ, ಅಷ್ಟೇ."

ಅವನು ಅವಳಂತೆಯೇ ಸೆರಗು ಹೊದ್ದು, ಬಾಯಿ ಅರೆತೆರೆದು, "ನಂಗೇನ್ ಗೊತ್ತು ಸ್ವಾಮೀ" ಎಂದು ತೋರಿಸಿದ. ಎಲ್ಲರೂ ನಕ್ಕರು. ಮೊದಲ ದಿನ ಅವಳೂ ನಕ್ಕಳು.

ಎರಡನೆಯ ವಾರಕ್ಕೆ ಅದು ಊಟದ ಹೊತ್ತಿನ ಆಟವಾಯಿತು. ಅತ್ತೆ ಅವಳ ತಟ್ಟೆಯ ಪಕ್ಕ ಪೇಪರ್ ಹರಡಿ, ಎದುರಿಗೆ ಕೂತು ಅವಳ ಕಣ್ಣನ್ನೇ ಕಾಯುತ್ತಿದ್ದಳು. ಕಣ್ಣು ಓಡಿದರೆ ತಟ್ಟೆ ಎತ್ತಿಬಿಡುತ್ತಿದ್ದಳು. ಒಂದು ದಿನ ಬೆಂಕಿ ಬಿದ್ದ ಕಾರ್ಖಾನೆಯ ಸುದ್ದಿಗೆ ತಟ್ಟೆ ಹೋಯಿತು. ಇನ್ನೊಂದು ದಿನ ಬರೀ ಸೋಪಿನ ಜಾಹೀರಾತಿಗೆ.

"ಹಸಿವಾಗ್ತಿದೆ ಅತ್ತೆ."

"ಹಸಿವಾದರೆ ಯಾಕೆ ಓದಿದೆ?"

"ಕಣ್ಣು ತಾನಾಗೇ ಹೋಗುತ್ತೆ."

"ಜಡ್ಜಿಗೂ ಹಾಗೇ ಹೇಳ್ತೀಯಾ? ತಾನಾಗೇ ಹೋಗುತ್ತೆ ಅಂತ? ತಾನಾಗೇ ಮನೆ ಹೋಗುತ್ತೆ ಆಮೇಲೆ."

ರೇಡಿಯೋ ಚೀಟಿಗಳಲ್ಲಿ ಏನೇನೋ ಬರೆದು ಅವಳ ಮುಖಕ್ಕೆ ಹಿಡಿಯುತ್ತಿದ್ದ. ಅತ್ತಿಗೆ ಕತ್ತೆ. ಅಡುಗೆಗೆ ಉಪ್ಪಿಲ್ಲ, ಮುಖಕ್ಕೆ ಕಳೆಯಿಲ್ಲ. ಅವಳ ತುಟಿ ಸ್ವಲ್ಪ ಅದುರಿದರೂ "ಫೇಲ್!" ಎಂದು ಕೂಗುತ್ತಿದ್ದ. ಕೊನೆಕೊನೆಗೆ ಅವಳು ಯಾವುದಕ್ಕೂ ಅದುರಲಿಲ್ಲ. ಅವನಿಗೆ ಬರೆಯಲು ಬೈಗುಳವೇ ಉಳಿಯಲಿಲ್ಲ.

ಆಗ ಗಂಡ, ಕೈಗೆ ಅಂಟಿದ ಮೇಣ ಒರೆಸಿಕೊಳ್ಳುತ್ತ ಎದ್ದು ಬಂದ. "ನಿನ್ನದೆಲ್ಲ ಮಕ್ಕಳಾಟ. ಕೊಡಿಲ್ಲಿ" ಎಂದು ಚೀಟಿ ತೆಗೆದುಕೊಂಡು ಒಂದೇ ಸಾಲು ಬರೆದ. ಅವಳ ಮುಂದೆ ಹಿಡಿದ.

*ನಿಮ್ಮಪ್ಪ ಬೆಳಿಗ್ಗೆ ತೀರಿಕೊಂಡರು. ಈಗ ಫೋನ್ ಬಂತು.*

ಅವಳು ಗೋಡೆ ನೋಡಿದ ಹಾಗೆ ನೋಡಿದಳು. ಬಾಯಿ ಅಳತೆಯಷ್ಟೇ ತೆರೆದಿತ್ತು. ಮೂವರೂ ಅವಳ ಮುಖದ ಮೇಲೆ ಬಗ್ಗಿದರು. ಅತ್ತೆ ಅವಳ ರೆಪ್ಪೆಯನ್ನೇ ನೋಡುತ್ತಿದ್ದಳು.

"ಏನ್ರೀ ಇದು?" ಎಂದಳು ಸೊಸೆ. "ಅಂಗಡಿ ಸಾಮಾನಿನ ಚೀಟಿನಾ?"

"ಪಾಸ್!" ಎಂದು ರೇಡಿಯೋ ಚಪ್ಪಾಳೆ ತಟ್ಟಿದ. ಗಂಡ ಅವಳ ಬೆನ್ನು ಚಪ್ಪರಿಸಿದ. ಅತ್ತೆ ಅವತ್ತು ತಾನೇ ಎದ್ದು ತುಪ್ಪ ಬಡಿಸಿದಳು. ಸೊಸೆ ಅದನ್ನೆಲ್ಲ ಉಂಡು, ತಟ್ಟೆ ತೊಳೆದಿಟ್ಟು, ಬಚ್ಚಲಿಗೆ ಹೋಗಿ ನಲ್ಲಿ ತಿರುಗಿಸಿ ತವರಿಗೆ ಫೋನ್ ಮಾಡಿದಳು. ಎತ್ತಿದ್ದು ಅಪ್ಪನೇ. "ಏನಮ್ಮ, ನೀರಿನ ಸದ್ದು?" ಎಂದರು. ಅವಳು "ಏನಿಲ್ಲ" ಎಂದು ಇಟ್ಟಳು.

ಹೊರಗೆ ಬಂದಾಗ ಗಂಡ ದವಡೆಯೊಂದಕ್ಕೆ ಪಾಲಿಶ್ ಹಾಕುತ್ತಿದ್ದ.

"ಸುಳ್ಳು ಅಂತ ಆಮೇಲಾದರೂ ಹೇಳಬಹುದಿತ್ತು" ಎಂದಳು.

"ಓದೋಕೆ ಬರದವಳಿಗೆ ಏನಂತ ಹೇಳೋದು?" ಎಂದ, ತಲೆ ಎತ್ತದೆ.

ಕೋರ್ಟಿನ ದಿನ ನ್ಯಾಯಾಧೀಶರ ಕುರ್ಚಿಯಲ್ಲಿದ್ದವರು ಹೆಂಗಸು. ದನಿ ಮೆತ್ತಗಿತ್ತು. ಕಂತಪ್ಪನ ವಕೀಲ ಕಾಗದ, ಸಹಿ, ಚೆಕ್ಕು ಎಲ್ಲ ಒಪ್ಪವಾಗಿ ಮುಂದಿಟ್ಟು, ಈ ಪ್ರಮಾಣಪತ್ರ ಬರೀ ಕಾಲ ತಳ್ಳುವ ಹುನ್ನಾರ ಎಂದ. ನ್ಯಾಯಾಧೀಶರು ಅದೇ ಸಾಲದ ಕಾಗದವನ್ನು ಸೊಸೆಗೆ ಕೊಡಿಸಿದರು.

"ಇದರಲ್ಲಿ ಏನಿದೆ ನೋಡಿ ಹೇಳಮ್ಮ. ಹೆದರಬೇಡ."

ಅವಳು ಹಿಡಿದುಕೊಂಡಳು. ಒಂದೊಂದು ಸಾಲೂ ಅವಳನ್ನು ಹೆಸರು ಹಿಡಿದು ಕರೆಯುತ್ತಿತ್ತು. ಅವಳ ಕಣ್ಣು ಅಲುಗಲಿಲ್ಲ.

"ನನ್ನ ಹೆಸರು ಎಲ್ಲಿ ಹಾಕಬೇಕಮ್ಮ?" ಎಂದು ಕೇಳಿದಳು.

ಕಂತಪ್ಪನಿಗೆ ತಡೆಯಲಾಗಲಿಲ್ಲ. ಎದ್ದು ನಿಂತ.

"ಸುಳ್ಳು ತಾಯೀ! ಸಹಿ ಹಾಕೋ ಮೊದಲು ನಾಲ್ಕೂ ಪುಟ ಓದಿದವಳು ಇವಳು. ಬಡ್ಡಿ ಲೆಕ್ಕ ತಪ್ಪಿದೆ ಅಂತ ನನಗೇ ತಿದ್ದಿಕೊಟ್ಟಳು! ಇಷ್ಟು ಚುರುಕಾದ ಹೆಂಗಸನ್ನ ನಾನು ನೋಡೇ ಇಲ್ಲ!"

"ನಿಮ್ಮ ಬಡ್ಡಿ ಲೆಕ್ಕ ತಪ್ಪಿತ್ತಾ?" ಎಂದರು ನ್ಯಾಯಾಧೀಶರು.

ಹಾಲ್ ತುಂಬ ನಗು. ಕಂತಪ್ಪ ಬಾಯಿ ಮುಚ್ಚಿಕೊಂಡು ಕೂತ. ಇಷ್ಟು ವರ್ಷಗಳಲ್ಲಿ ಅವಳನ್ನು ಬುದ್ಧಿವಂತೆ ಎಂದು ನಾಲ್ಕು ಜನರ ಮುಂದೆ ಹೇಳಿದ ಮನುಷ್ಯ ಅವನೊಬ್ಬನೇ. ಅವನ ಮಾತು ಸುಳ್ಳಾಗಲಿ ಎಂದು ಅವಳ ಮನೆಯವರೆಲ್ಲ ಉಸಿರು ಬಿಗಿಹಿಡಿದಿದ್ದರು.

ಅನುಮತಿ ಸಿಕ್ಕಿತು. ದುಡ್ಡು ಕಟ್ಟಬೇಕೆಂಬ ಷರತ್ತೂ ಇಲ್ಲ. "ಪಾಪ" ಎಂದರು ನ್ಯಾಯಾಧೀಶರು ಕಾಗದ ವಾಪಸ್ಸು ತೆಗೆದುಕೊಳ್ಳುವಾಗ. ಹಿಂದಿನ ತಿಂಗಳಾಗಿದ್ದರೆ ಆ ಪಾಪ ಅವಳಿಗೆ ಚುಚ್ಚುತ್ತಿತ್ತು.

ಮೆಟ್ಟಿಲಿಳಿಯುವಾಗಲೇ ಅವಳು ಕೇಳಿದಳು. "ನಾಳೆಯಿಂದ ಕೆಲಸಕ್ಕೆ ಹೋಗಲಾ?"

ವಕೀಲರು ನಿಂತರು. "ಎಲ್ಲಿಗೆ? ಅಮ್ಮಾ, ಈಗ ತಾನೇ ಶುರುವಾಗಿರೋದು. ವಿಚಾರಣೆ ಮುಗಿಯೋವರೆಗೆ ಹೀಗೇ ಇರಬೇಕು. ಕಂತಪ್ಪ ಇವತ್ತಿನಿಂದಲೇ ಆಳು ಬಿಟ್ಟಿರ್ತಾನೆ. ನೀವು ಬಸ್ಸಿನ ಬೋರ್ಡ್ ಓದಿ ಹತ್ತಿದರೂ ಮುಗೀತು."

"ವರ್ಷಗಟ್ಟಲೆ?"

"ಅದೇ ಅಲ್ವಾ ನಾವು ಕೇಳಿದ್ದು" ಎಂದರು ವಕೀಲರು ಹೆಮ್ಮೆಯಿಂದ.

ಅವಳು ಗಂಡನನ್ನು ನೋಡಿದಳು. ಅವನು ಹೂಂ ಕೂಡ ಅನ್ನಲಿಲ್ಲ.

ಆಮೇಲಿನ ದಿನಗಳಲ್ಲಿ ನಾಟಕಕ್ಕೆ ಪರದೆಯೇ ಬೀಳಲಿಲ್ಲ. ಅವಳ ಫೋನ್ ಗಂಡನ ಜೇಬಿಗೆ ಹೋಯಿತು, ಬ್ಯಾಂಕಿನ ಪುಸ್ತಕ ಅತ್ತೆಯ ದಿಂಬಿನಡಿಗೆ. ಹೊರಗೆ ಹೋದರೆ ಪಕ್ಕದಲ್ಲಿ ರೇಡಿಯೋ. ಬೀದಿಯ ಮಕ್ಕಳು ಅವಳನ್ನು ಕಂಡು "ನಂಗೇನ್ ಗೊತ್ತು ಸ್ವಾಮೀ" ಎನ್ನಲು ಕಲಿತವು. ಕಲಿಸಿದವನು ಯಾರೆಂದು ಹೇಳಬೇಕಿಲ್ಲ. ಸೊಪ್ಪಿನವನು ಅವಳ ಕೈಗೆ ಚಿಲ್ಲರೆ ಕೊಡದೆ "ಮನೆಯವರನ್ನ ಕಳಿಸಮ್ಮ" ಎಂದ.

ಅತ್ತೆಗೆ ಮಾತ್ರ ಹೊಸ ಚಿಂತೆ ಹತ್ತಿತು. ಒಂದು ದಿನ ಮಗನನ್ನೂ ಸೊಸೆಯನ್ನೂ ಎಳೆದುಕೊಂಡು ಮತ್ತೆ ವಕೀಲರಲ್ಲಿಗೆ ಹೋದಳು.

"ಮನೆ ಇವಳ ಹೆಸರಲ್ಲಿರೋದು ಸರಿಯಲ್ಲ ಸ್ವಾಮಿ. ನನ್ನ ಮಗನ ಹೆಸರಿಗೆ ವಾಪಸ್ ಬರೆಸಿಬಿಡಿ. ಇವಳು ಸಹಿ ಹಾಕ್ತಾಳೆ."

ವಕೀಲರು ಪೆನ್ನಿನ ಮುಚ್ಚಳ ತೆಗೆಯಲೇ ಇಲ್ಲ. "ಯಾವ ಸಹಿ?"

"ಇವಳ ಸಹಿ."

"ಅದು ಚಿತ್ರ ಅಂತ ನಾವೇ ಹೇಳಿದ್ದೀವಲ್ಲಮ್ಮ."

"ಓದಿ ಹೇಳಿ ಹಾಕಿಸಿ."

"ಓದಿ ಹೇಳಿದ್ರೂ ಅರ್ಥ ಆಗಲ್ಲ ಅಂತ ಪ್ರಮಾಣ ಮಾಡಿದವರು ನೀವು. ನಾನು ಬೇಡ ಅಂದೆ." ವಕೀಲರು ನಗತೊಡಗಿದರು. "ಮನೆ ಕೊಡೋದು ಅರ್ಥ ಆಗೋ ಹೆಂಗಸಿಗೆ ಸಾಲ ತಗೊಂಡಿದ್ದು ಯಾಕೆ ಅರ್ಥ ಆಗಲಿಲ್ಲ ಅಂತ ಎದುರಿನವನು ಕೇಳಲ್ವಾ? ತಗೊಳ್ಳೋಕೆ ಬುದ್ಧಿ ಬೇಕಿಲ್ಲಮ್ಮ, ಕೊಡೋಕೆ ಬೇಕು. ಇವರಿಗೆ ಬುದ್ಧಿ ಬಂತು ಅಂದ್ರೆ ಸಾಲವೂ ಬಂತು."

"ಹಾಗಾದರೆ ಮನೆ?"

"ಇವರದೇ. ಎಲ್ಲಿವರೆಗೆ ಇವರು ದಡ್ಡಿಯಾಗಿರ್ತಾರೋ, ಅಲ್ಲಿವರೆಗೆ ಗಟ್ಟಿ."

ಗಂಡ ಬೂಟಿನ ತುದಿ ನೋಡುತ್ತಿದ್ದ. ಅತ್ತೆ ನಿಧಾನವಾಗಿ ಸೊಸೆಯ ಕಡೆ ತಿರುಗಿದಳು. ಸೊಸೆಯ ಬಾಯಿ ಅಳತೆಯಷ್ಟೇ ತೆರೆದಿತ್ತು, ಕಣ್ಣು ಗೋಡೆ ನೋಡುತ್ತಿತ್ತು. ನಾಟಕವೋ ನಿಜವೋ ಎಂದು ಮೊದಲ ಸಲ ಅತ್ತೆಗೆ ಗೊತ್ತಾಗಲಿಲ್ಲ. ಅಂದಿನಿಂದ ಊಟದ ಹೊತ್ತಲ್ಲಿ ಯಾರೂ ಪೇಪರ್ ಹರಡಲಿಲ್ಲ. ಹಾಗೆಂದು ಯಾರೂ ಮೆತ್ತಗೂ ಆಗಲಿಲ್ಲ. ಪಾತ್ರೆ ಅವಳೇ ತೊಳೆದಳು, ಬೈಗುಳ ಅವಳೇ ತಿಂದಳು. ಬೈಯುವವಳ ದನಿ ಸ್ವಲ್ಪ ಇಳಿದಿತ್ತು, ಅಷ್ಟೇ.

ಒಂದು ಸಂಜೆ ಮೆಡಿಕಲ್ ಸ್ಟೋರಿನ ಯಜಮಾನರೇ ಬಂದರು. ಅತ್ತೆ ಅವರನ್ನು ಒಳಗೆ ಕರೆದು, ಮೊದಲು ಬಾಗಿಲು ಹಾಕಿದಳು. ಅವರು ಕೂರಲಿಲ್ಲ. ಕೈಯಲ್ಲಿ ಒಂದು ಚೀಟಿಯಿತ್ತು.

"ಮಾತಾಡೋಕೆ ಹೊತ್ತಿಲ್ಲಮ್ಮ. ಹೊಸ ಡಾಕ್ಟರು, ಫೋನ್ ಎತ್ತುತ್ತಿಲ್ಲ. ಒಬ್ಬರು ಅಜ್ಜಿ ಅಂಗಡಿ ಮುಂದೆ ಕೂತಿದ್ದಾರೆ, ದೂರದಿಂದ ಬಂದವರು. ಇದು ಸಕ್ಕರೆ ಕಾಯಿಲೆದೋ, ಎದೆದೋ? ಹೊಸ ಹುಡುಗಿ ಸಕ್ಕರೆದು ಅಂತಾಳೆ. ನೀನೊಂದು ಸಲ ನೋಡಿಬಿಡು."

ರೇಡಿಯೋ ಅವಳ ಹಿಂದೆ ಬಂದು ಪಿಸುಗುಟ್ಟಿದ. "ಕಂತಪ್ಪ ಕಳಿಸಿರಬಹುದು ಅತ್ತಿಗೆ."

ಕಂತಪ್ಪ ಕಳಿಸಿಲ್ಲವೆಂದು ಅವಳಿಗೆ ಗೊತ್ತಿತ್ತು. ಸುಳ್ಳು ಹೇಳಿದರೆ ಈ ಮನುಷ್ಯನ ಕಿವಿ ಕೆಂಪಾಗುತ್ತಿತ್ತು. ಎಷ್ಟೋ ವರ್ಷ ಅವರ ಪಕ್ಕದಲ್ಲಿ ನಿಂತಿದ್ದಳು.

"ನಿನ್ನ ಗಂಡ ಏನೇನೋ ಹೇಳಿದ. ನಾನು ಯಾವುದನ್ನೂ ನಂಬಿಲ್ಲ" ಎಂದರು ಅವರು. "ನಿನ್ನ ಜಾಗಕ್ಕೆ ಇನ್ನೂ ಯಾರನ್ನೂ ಖಾಯಂ ಮಾಡಿಲ್ಲ. ನಾಳೆ ಬಂದರೆ ನಾಳೆಯಿಂದಲೇ. ತಗೋ, ನಿನ್ನ ಕಡೆಯವರು ಬರೆದಿದ್ದಾರೆ."

ಚೀಟಿ ಅವಳ ಕೈಗೆ ಬಂತು. ಅತ್ತೆ, ಗಂಡ, ಮೈದುನ ಮೂವರೂ ನಿಂತಲ್ಲೇ ನಿಂತರು. ಅವಳು ಬಾಯಿ ತೆರೆದು ಒಂದು ಪದ ಓದಿದರೆ ಮನೆ ಹೋಗುತ್ತದೆ; ಹಾಗೆಂದು ಅವಳ ಕೈ ಹಿಡಿದೆಳೆಯುವ ಧೈರ್ಯ ಈಗ ಯಾರಿಗೂ ಇರಲಿಲ್ಲ. ಅವಳು ಒಬ್ಬೊಬ್ಬರನ್ನೇ ನೋಡಿದಳು. ಗಂಡನ ಕೈಯಲ್ಲಿದ್ದ ದವಡೆ ಸಣ್ಣಗೆ ಕಟಕಟ ಎನ್ನುತ್ತಿತ್ತು.

ಚೀಟಿ ಓದಲು ಅವಳಿಗೆ ಒಂದು ನೋಟವೂ ಬೇಕಾಗಲಿಲ್ಲ, ಅರ್ಧ ಸಾಕಾಯಿತು. ಎದೆಯ ಮಾತ್ರೆ. ಬೆಳಿಗ್ಗೆ ಅರ್ಧ, ಸಂಜೆ ಅರ್ಧ.

"ಏನೋ ಗೀಚಿದ ಹಾಗಿದೆ ಸರ್" ಎಂದಳು.

"ಸರಿಯಾಗಿ ನೋಡಮ್ಮ."

"ನಂಗೇನ್ ಗೊತ್ತು?"

ಅವರು ಅವಳ ಮುಖವನ್ನು ತುಂಬ ಹೊತ್ತು ನೋಡಿದರು. ಆಮೇಲೆ ಚೀಟಿಯನ್ನು ಅವಳ ಬೆರಳುಗಳಿಂದ ಮೆಲ್ಲಗೆ, ಮಗುವಿನ ಕೈಯಿಂದ ಬಿಡಿಸಿಕೊಳ್ಳುವ ಹಾಗೆ ಬಿಡಿಸಿಕೊಂಡರು. "ನಿಜವೇ ಹಾಗಾದರೆ" ಎಂದರು ಗಂಡನಿಗೆ. "ಇರಲಿ. ಸಕ್ಕರೆದೇ ಇರಬೇಕು. ಅದನ್ನೇ ಕೊಟ್ಟು ಕಳಿಸ್ತೀನಿ."

ಬಾಗಿಲು ತೆರೆದು ಇಳಿದು ಹೋದರು. ಮಂಡಿ ನೋವಿನವರು, ನಡಿಗೆ ನಿಧಾನ. ಗೇಟು ದಾಟಿ, ಎದುರು ಮನೆ ದಾಟಿ, ದೀಪದ ಕಂಬದವರೆಗೆ ಕರೆದರೆ ಕೇಳಿಸುವಷ್ಟು ಹತ್ತಿರದಲ್ಲೇ ಇದ್ದರು. ಅವಳು ಕಿಟಕಿಯಲ್ಲಿ ನಿಂತು ಅವರು ತಿರುವಿನಲ್ಲಿ ಮರೆಯಾಗುವವರೆಗೂ ನೋಡಿದಳು.

ಅತ್ತೆ ಉಸಿರು ಬಿಟ್ಟು ಕುರ್ಚಿಗೆ ಕುಸಿದಳು. "ಗೆದ್ದೆ ಕಣೆ ತಾಯಿ" ಎಂದಳು.

"ಅತ್ತೆ" ಎಂದಳು ಸೊಸೆ, ತಿರುಗದೆ. "ಎದ್ದು ಟೀ ಮಾಡಿ. ಆಮೇಲೆ ನಿಮ್ಮ ಹಾಸಿಗೆ ತೆಗೀರಿ. ದೊಡ್ಡ ಕೋಣೆಯಲ್ಲಿ ಇನ್ನು ಮೇಲೆ ನಾನು ಮಲಗೋದು."

"ಏನಂದೆ?"

"ಓದಿ ಹೇಳಬೇಕಾ?"

ಗಂಡ ಬಾಯಿ ತೆರೆದ. ಅವಳು ಅವನ ಕಡೆ ನೋಡಿದಳು. ಅವನು ಬಾಯಿ ಮುಚ್ಚಿದ. ಅತ್ತೆ ಮಂಡಿಗಳ ಮೇಲೆ ಕೈಯೂರಿ ಎದ್ದು, ಅಡುಗೆಮನೆಗೆ ಹೋಗಿ ಒಲೆ ಹಚ್ಚಿದಳು.